ತುಟಿಮಾತು

ಕಾಗದದ ಬಾವುಟಗಳ ದಾರವನ್ನು ಬೀದಿಕಂಬಕ್ಕೆ ಬಿಗಿಯುತ್ತ ಅವಳು ಬೆಂಚಿನ ಮೇಲೆ ನಿಂತಿದ್ದಳು. ತಲೆ ಎತ್ತಿದಾಗ ಎದುರಿನ ಸಂಘದ ಕಚೇರಿಯ ಮಹಡಿಯಲ್ಲಿ, ಮುಚ್ಚಿದ ಗಾಜಿನ ಕಿಟಕಿಯ ಹಿಂದೆ, ಗಂಡನ ಅಣ್ಣ, ಅವಳ ಭಾವ, ಕಾಣಿಸಿದ. ಅವನ ಮುಂದೆ ಗಿರಣಿ ಮಾಲೀಕನ ವಕೀಲ ನಿಂತಿದ್ದ. ಬೆಳಗಾದರೆ ಮತದಾನ. ದೇಶಕ್ಕೆ ದೇಶವೇ ಮೊದಲ ಸಲ ಪಾರ್ಲಿಮೆಂಟಿಗೆ ತನ್ನ ಜನರನ್ನು ಆರಿಸಿ ಕಳಿಸುವ ದಿನ. ಇಂಥ ಹೊತ್ತಿನಲ್ಲಿ ಛತ್ರಿ ಪಕ್ಷದ ವಕೀಲನಿಗೂ ಲಾಳಿ ಪಕ್ಷದ ಅಭ್ಯರ್ಥಿಗೂ ನಡುವೆ ಏನು ಮಾತು ಎಂದು ಅವಳು ಯೋಚಿಸುವ ಮೊದಲೇ ಅವಳ ಕಣ್ಣು ವಕೀಲನ ತುಟಿಗಳ ಮೇಲೆ ಹೋಗಿ ಕೂತಿತ್ತು.

"ನಮ್ಮ ಛತ್ರಿ ಈ ಸಲ ಗೆಲ್ಲಲ್ಲ," ಎಂದಿತು ವಕೀಲನ ತುಟಿ. "ಗಡಿಯಾರ ಪಕ್ಷದವನು ಗೆಲ್ಲೋದಕ್ಕಿಂತ ನೀವು ಗೆಲ್ಲೋದೇ ನಮಗೆ ಮೇಲು. ನಾಳೆ ಮೇಲಿನ ಪೇಟೆಯ ವೋಟೆಲ್ಲ ನಿಮ್ಮ ಪೆಟ್ಟಿಗೆಗೆ ಬೀಳೋ ಹಾಗೆ ನಾವು ನೋಡ್ಕೋತೀವಿ."

ಭಾವ ಮೀಸೆ ಒರೆಸುವವನಂತೆ ಬಾಯಿಗೆ ಕೈ ಅಡ್ಡ ಹಿಡಿದು ಏನೋ ಹೇಳಿದ.

ಮಗ್ಗದ ಶೆಡ್ಡಿನಲ್ಲಿ ಬೆಳೆದ ಯಾರೂ ಮಾತಾಡುವಾಗ ಬಾಯಿಗೆ ಕೈ ಅಡ್ಡ ಹಿಡಿಯುವುದಿಲ್ಲ. ಸಾಲು ಸಾಲು ಮಗ್ಗಗಳು ಒಟ್ಟಿಗೆ ಬಡಿಯುವಾಗ ಅಲ್ಲಿ ಆಕಾಶ ಕಳಚಿ ಬಿದ್ದರೂ ಕೇಳುವುದಿಲ್ಲ. ಹಾಗಾಗಿ ನೇಯುವವರು ಗಂಟಲು ಬಿಟ್ಟು ತುಟಿ ಹಿಡಿದಿದ್ದರು. ಸದ್ದಿಲ್ಲದೆ ತುಟಿ ಆಡಿಸಿದರೆ ಸಾಕು, ಶೆಡ್ಡಿನ ಆ ತುದಿಯವರಿಗೂ ಮಾತು ಮುಟ್ಟುತ್ತಿತ್ತು. ಜಗಳ, ಸರಸ, ಮೇಸ್ತ್ರಿಯನ್ನು ಅವನ ಕಣ್ಣೆದುರೇ ಬೈಯುವುದು, ಎಲ್ಲವೂ ತುಟಿಮಾತಿನಲ್ಲೇ. ಬಾಯಿಗೆ ಕೈ ಅಡ್ಡ ಬಂತೆಂದರೆ ಒಂದೇ ಅರ್ಥ: ನಮ್ಮವರಿಂದಲೇ ಏನನ್ನೋ ಮುಚ್ಚಿಡುತ್ತಿದ್ದಾರೆ. ಭಾವನೂ ಅದೇ ಶೆಡ್ಡಿನಲ್ಲಿ ಲಾಳಿ ಓಡಿಸಿದವನು, ಅವನಿಗೆ ಇದು ಗೊತ್ತು. ಆದರೆ ವಕೀಲ ಮಗ್ಗದ ಮುಖ ಕಂಡವನಲ್ಲ. ಅವನು ಕಿಟಕಿಗೆ ಮುಖ ಮಾಡಿಕೊಂಡು, ಅನ್ನ ತಿಂದಷ್ಟು ಸಲೀಸಾಗಿ ಮಾತಾಡುತ್ತಿದ್ದ.

"ಆದ್ರೆ ಜೈಲೊಳಗಿರೋರ ಮಾತು ಇವತ್ತಿಗೆ ಮುಗೀಬೇಕು. ಆ ಬೆಂಕಿ ಕೇಸನ್ನ ಪಾರ್ಲಿಮೆಂಟಲ್ಲಿ ನೀವು ಎತ್ತಬಾರದು."

ಮತ್ತೆ ಕೈ ಅಡ್ಡ. ವಕೀಲ ನಕ್ಕ.

"ತಮ್ಮ ಅಂತೀರಾ? ಜೈಲು ಡಾಕ್ಟರು ಹೇಳಿದ್ದು ನಿಮಗೂ ಗೊತ್ತಲ್ಲ. ಇನ್ನೆಷ್ಟು ದಿನದ ಮಾತು ಅದು? ನೀವು ಎತ್ತಿದ್ರೂ ಅಷ್ಟೆ, ಬಿಟ್ರೂ ಅಷ್ಟೆ."

ಭಾವ ಬಾಯಿಗೆ ಅಡ್ಡ ಹಿಡಿದ ಕೈ ತೆಗೆಯಲಿಲ್ಲ. ಕಿಟಕಿಯ ಕಡೆ ನೋಡಲಿಲ್ಲ. ವಕೀಲ ಕೈ ಚಾಚಿದ. ಕುಲುಕಲೆಂದು ಭಾವನ ಕೈ ಬಾಯಿಂದ ಕೆಳಗಿಳಿಯಿತು. ಆಗ ಆ ಒಂದು ಮಾತು ಮಾತ್ರ ಅವಳಿಗೆ ಕಂಡಿತು.

"ಆಯ್ತು."

"ಏನೇ, ಕಂಬಾನೇ ಮದುವೆ ಆಗ್ತೀಯೇನೇ?" ಬೆಂಚು ಹಿಡಿದು ನಿಂತಿದ್ದ ಗುಂಡಕ್ಕ ಕೆಳಗಿನಿಂದ ಕೂಗಿದಳು. ಅವಳದು ಶೆಡ್ಡಿನಲ್ಲಿ ಪಕ್ಕದ ಮಗ್ಗ. "ಇಳಿ ಬೇಗ, ಅಪ್ಪಿಕೊಂಡಿದ್ದು ಸಾಕು. ನಿನ್ನ ಗಂಡ ಬಂದಮೇಲೆ ಅವನಿಗೂ ಒಂದಿಷ್ಟು ಉಳಿಸಿಡು."

ಅವಳು ಇಳಿದಳು. ದಾರದ ತುದಿ ಕೈಯಲ್ಲೇ ಇತ್ತು.

*

ಗಿರಣಿಯ ಮುಷ್ಕರದಲ್ಲಿ ಗೋದಾಮಿಗೆ ಬೆಂಕಿ ಬಿದ್ದಾಗ ಸಿಕ್ಕವರನ್ನೆಲ್ಲ ಹಿಡಿದು ಒಳಗೆ ಹಾಕಿದ್ದರು. ಅವರಲ್ಲಿ ಅವಳ ಗಂಡನೂ ಒಬ್ಬ. ಬೆಂಕಿ ಬಿದ್ದಾಗ ಅವನು ಮನೆಯಲ್ಲಿ ತಾಯಿಯ ಕಾಲಿಗೆ ಎಣ್ಣೆ ತಿಕ್ಕುತ್ತಿದ್ದ. ಅದನ್ನು ಹೇಳಲು ಹೋದ ಅತ್ತೆಗೆ ಕೋರ್ಟಿನಲ್ಲಿ ಪ್ರಶ್ನೆಯೇ ಕೇಳಿಸಲಿಲ್ಲ. ಮಗ್ಗದ ಸದ್ದು ಆಕೆಯ ಎರಡೂ ಕಿವಿಗಳನ್ನು ತಿಂದು ಯಾವುದೋ ಕಾಲವಾಗಿತ್ತು. ಪ್ರಶ್ನೆ ಕೇಳಿದವನಿಗೆ ಪೊದೆಯಂಥ ಮೀಸೆ, ತುಟಿಯೇ ಕಾಣುತ್ತಿರಲಿಲ್ಲ. ಕಿವುಡಿಯ ಸಾಕ್ಷಿ ಏನು ಸಾಕ್ಷಿ ಎಂದು ಆಕೆಯನ್ನು ಕೆಳಗಿಳಿಸಿದರು.

ಜೈಲಿನಲ್ಲಿ ಭೇಟಿಗೆ ಎರಡು ಸಾಲು ತಂತಿಬಲೆ. ನಡುವೆ ಪಹರೆಯವನು ಅಡ್ಡಾಡುತ್ತಾನೆ. ಈ ಕಡೆ ಹೆಂಗಸರು ಮಕ್ಕಳು, ಆ ಕಡೆ ಕೈದಿಗಳು, ಎಲ್ಲರೂ ಒಟ್ಟಿಗೆ ಕಿರುಚುತ್ತಾರೆ. ಯಾರ ಮಾತೂ ಯಾರಿಗೂ ಕೇಳುವುದಿಲ್ಲ. ಅವಳೂ ಗಂಡನೂ ಮಾತ್ರ ಸುಮ್ಮನೆ ನಿಂತು ತುಟಿ ಆಡಿಸುತ್ತಿದ್ದರು. ಇವರು ಪಾಪ ಜಪ ಮಾಡುತ್ತಾರೆ ಎಂದುಕೊಂಡಿದ್ದ ಪಹರೆಯವನು.

"ಅಣ್ಣ ಗೆದ್ದರೆ ನಾನು ಹೊರಗೆ," ಎಂದಿದ್ದ ಗಂಡ ಹೋದ ಸಲ. "ಮೊದಲ ದಿನಾನೇ ನಮ್ಮ ಮಾತು ಎತ್ತುತಾನಂತೆ. ಹೇಳಿ ಕಳಿಸಿದಾನೆ." ಆಮೇಲೆ ಕೆಮ್ಮಿದ. ಕೆಮ್ಮುವಾಗ ತುಟಿಮಾತು ನಿಲ್ಲುತ್ತದೆ. ಬಾಯಿ ಒರೆಸಿಕೊಂಡ ಬಟ್ಟೆಯನ್ನು ಅವನು ಅವಳಿಗೆ ಕಾಣದಂತೆ ಮಡಿಸಿದ. ತುಟಿಯ ಅಂಚಿನಲ್ಲಿ ಉಳಿದ ಕೆಂಪು ಅವನಿಗೆ ಗೊತ್ತಾಗಲಿಲ್ಲ. "ಚಳಿ ಶುರುವಾಗೋದರೊಳಗೆ ಕರಕೊಂಡು ಹೋಗಿ," ಎಂದ. "ಈ ಗೋಡೆ ತಣ್ಣಗಿರುತ್ತೆ ಕಣೇ."

ಅಂದಿನಿಂದ ಅವಳು ಶಿಫ್ಟು ಮುಗಿದೊಡನೆ ಮನೆ ಮನೆ ತಿರುಗಿದ್ದಳು. ಓದು ಬಾರದವರೇ ಹೆಚ್ಚಾದ್ದರಿಂದ ಒಬ್ಬೊಬ್ಬ ಅಭ್ಯರ್ಥಿಗೆ ಒಂದೊಂದು ಪೆಟ್ಟಿಗೆ, ಪೆಟ್ಟಿಗೆಯ ಮೇಲೆ ಚಿತ್ರ. ಅವಳು ಲಾಳಿಯನ್ನೇ ಕೈಯಲ್ಲಿ ಹಿಡಿದು ಹೋಗುತ್ತಿದ್ದಳು: "ಇದು ಕಂಡ ಪೆಟ್ಟಿಗೆಯೊಳಗೆ ಚೀಟಿ ಹಾಕಿ." ಗುಂಡಕ್ಕ ಹಿಂದಿನಿಂದ ಸೇರಿಸುತ್ತಿದ್ದಳು: "ಛತ್ರಿ ಹಿಡಿದರೆ ಮಾಲೀಕ ಒಣಗಿರ್ತಾನೆ, ನಾವು ನೆನೀತೀವಿ. ಗಡಿಯಾರ ನಿಮ್ಮ ಮನೇಲಿ ಇದೆಯಾ? ಇಲ್ಲ ತಾನೆ? ಮತ್ತೆ?" ಯಾರೋ ಒಬ್ಬ ಮುದುಕ, "ಲಾಳಿ ಅಂದ್ರೆ ಈ ಕಡೆಯಿಂದ ಆ ಕಡೆಗೆ ಓಡೋದೇ ಅಲ್ವೇನಮ್ಮ?" ಎಂದಿದ್ದಕ್ಕೆ ಎಲ್ಲರೂ ನಕ್ಕಿದ್ದರು. ಅವಳೂ ನಕ್ಕಿದ್ದಳು.

*

ಭಾವ ಮೆಟ್ಟಿಲು ಇಳಿದು ಮೈದಾನಕ್ಕೆ ಬಂದಾಗ ಬಿಸಿಲು ಇಳಿಮುಖವಾಗಿತ್ತು. ಇಸ್ತ್ರಿ ಮಾಡಿದ ಅಂಗಿ, ಜೇಬಿನ ಮೇಲೆ ಪಕ್ಷದ ಬಿಲ್ಲೆ. ಅವಳನ್ನು ಕಂಡು ನಿಂತ.

"ಇವತ್ತು ನೀನೂ ಎರಡು ಮಾತಾಡಬೇಕಮ್ಮ. ನನಗಿಂತ ಮೊದಲು. ಜೈಲಲ್ಲಿರೋನ ಹೆಂಡತಿ ಅಂದ್ರೆ ಜನ ಕರಗ್ತಾರೆ."

"ಏನು ಹೇಳಲಿ ಭಾವ?"

"ಹೆಚ್ಚೇನೂ ಬೇಡ. ನನ್ನ ಗಂಡನಿಗಾಗಿ ನಮ್ಮ ಭಾವನಿಗೆ ವೋಟು ಹಾಕಿ ಅನ್ನು. ಸಾಕು. ಕೇಸು ಗೀಸು ಅಂತ ಹೋಗಬೇಡ. ಅದೆಲ್ಲ ಸೂಕ್ಷ್ಮ."

"ಗೆದ್ದಮೇಲೆ ಅವರ ಮಾತು ಎತ್ತುತೀರಲ್ಲ ಭಾವ?"

"ಏನಮ್ಮ ಹೀಗೆ ಕೇಳ್ತೀಯ? ನನ್ನ ಒಡಹುಟ್ಟಿದವನು ಅವನು." ಹೇಳುತ್ತ ಅವನ ಕೈ ತಾನಾಗಿ ಮೀಸೆಯ ಮೇಲೆ ಹೋಯಿತು. ಅದು ಗೊತ್ತಾಗಿ ಕೆಳಗಿಳಿಸಿದ. ಅವಳ ಮುಖವನ್ನೊಮ್ಮೆ, ಅವಳ ತಲೆಯ ಮೇಲಿಂದ ಕಂಬವನ್ನೊಮ್ಮೆ, ಕಂಬದ ನೇರಕ್ಕೆ ಕಿಟಕಿಯನ್ನೊಮ್ಮೆ ನೋಡಿದ. "ಈ ಬಾವುಟ ಯಾರು ಕಟ್ಟಿದ್ದು?"

"ಗುಂಡಕ್ಕ," ಎಂದಳು ಅವಳು.

"ಚೆನ್ನಾಗಿದೆ," ಎಂದು ಅವನು ಹೋದ.

ಹೇಳಿದರೆ ಊರಿನ ಅರ್ಧ ವೋಟು ಭಾವನ ಕೈಬಿಡುತ್ತದೆ, ಗಡಿಯಾರದವನು ಗೆಲ್ಲುತ್ತಾನೆ. ಅವನಿಗೆ ಜೈಲು ಯಾವ ದಿಕ್ಕಿಗಿದೆ ಎಂಬುದೂ ಗೊತ್ತಿಲ್ಲ. ಗಂಡ ಒಳಗೇ. ಹೇಳದಿದ್ದರೆ ಭಾವ ಗೆಲ್ಲುತ್ತಾನೆ. ಗಂಡ ಒಳಗೇ. ಅವಳು ಇದನ್ನು ಮಗುಚಿ ಮಗುಚಿ ಹಾಕಿ ನೋಡಿದಳು. ಎರಡು ಕಡೆಯೂ ಅದೇ ನೇಯ್ಗೆ. ಅಳು ಬರಬಹುದು ಎಂದುಕೊಂಡಳು. ಬರಲಿಲ್ಲ.

ಅತ್ತೆ ಆಗಲೇ ಬಂದು ಮುಂದಿನ ಸಾಲಿನಲ್ಲಿ, ವೇದಿಕೆಗೆ ಎದುರಾಗಿ, ಜಾಗ ಹಿಡಿದಿದ್ದಳು. ಪಕ್ಕದಲ್ಲಿ ಯಾರೂ ಕೂರದಂತೆ ಚೀಲ ಇಟ್ಟಿದ್ದಳು.

"ಎಲ್ಲಿ ಹೋಗಿದ್ದೆಯೇ? ಈ ದಪ್ಪ ಹೆಂಗಸು ನಿನ್ನ ಜಾಗಕ್ಕೆ ಕಣ್ಣು ಹಾಕಿದಾಳೆ," ಎಂದಳು, ಕಿವುಡರ ಜೋರು ದನಿಯಲ್ಲಿ. ಆ ದಪ್ಪ ಹೆಂಗಸು ತಿರುಗಿ ಏನೋ ಅನ್ನಲು ಹೊರಟಾಗ ಅತ್ತೆ ಕಣ್ಣು ಮುಚ್ಚಿಬಿಟ್ಟಳು. ಅದು ಅತ್ತೆಯ ಹಳೆಯ ವಿದ್ಯೆ. ಜಗಳ ಸಾಕೆನಿಸಿದಾಗ ಕಣ್ಣು ಮುಚ್ಚುವುದು. ಆಮೇಲೆ ಎದುರಿನವರು ತುಟಿ ಹರಿಯುವವರೆಗೆ ಬೈದರೂ ಗೋಡೆಗೆ ಬೈದಂತೆ. ಗಂಡ ನಗುತ್ತ ಹೇಳುತ್ತಿದ್ದ: "ಅಮ್ಮ ಅಂಗಡಿ ಬಾಗಿಲು ಹಾಕಿದ್ಲು." ಅಣ್ಣತಮ್ಮಂದಿರಿಗೆ ಚಿಕ್ಕಂದಿನಲ್ಲಿ ಹೊಡೆತಕ್ಕಿಂತ ಇದೇ ಭಯವಂತೆ. ಅಮ್ಮ ಕಣ್ಣು ತೆರೆಯುವವರೆಗೆ ಇಬ್ಬರೂ ಮುಂದೆ ಕೂತು ಕಾಯುತ್ತಿದ್ದರಂತೆ.

"ಅತ್ತೆ," ಎಂದು ಅವಳು ತುಟಿ ಆಡಿಸಿದಳು, ಅತ್ತೆ ಕಣ್ಣು ಬಿಟ್ಟಮೇಲೆ. "ಒಂದು ಮಾತು..."

"ನಾನು ಹೇಳ್ತೀನಿ ಮೊದಲು." ಅತ್ತೆ ಅವಳ ಕೈ ಹಿಡಿದಳು. "ಅವನಿಗೆ ಕಿಟಕಿ ಪಕ್ಕ ಹಾಸಿಗೆ ಹಾಕೋಣ. ಬಿಸಿಲು ಬೀಳುತ್ತೆ. ನಾನು ಅಡುಗೆಮನೇಲಿ ಮಲಗ್ತೀನಿ. ಬೇಡ ಅನ್ನಬೇಡ. ದೊಡ್ಡವನು ಗೆದ್ದು ಚಿಕ್ಕವನನ್ನ ಕರಕೊಂಡು ಬಂದ ಅಂದ್ರೆ ನನಗೆ ಇನ್ನೇನು ಬೇಕು ಹೇಳು? ಮಾರನೇ ದಿನಾನೇ ನನ್ನ ಎತ್ತಿ ಸಾಗಿಸಿ." ಆಮೇಲೆ ಹುಬ್ಬು ಏರಿಸಿದಳು. "ನೀನೇನೋ ಅಂತಿದ್ದೆ?"

"ಏನಿಲ್ಲ," ಎಂದಳು ಅವಳು.

*

ಮೈದಾನ ತುಂಬಿತು. ಮುಂದೆ ಗಿರಣಿಯ ಜನ, ನೇಯುವವರೇ ಹೆಚ್ಚು. ಹಿಂದೆ ಪೇಟೆಯವರು, ಗಾಡಿಯವರು, ಕುತೂಹಲಕ್ಕೆ ಬಂದವರು. ಕಂಬ ಕಂಬಕ್ಕೂ ಧ್ವನಿವರ್ಧಕ. ಪಕ್ಷದ ಕಾರ್ಯದರ್ಶಿ ಅವಳ ಹೆಸರು ಹೇಳದೆ, "ನಮ್ಮ ಜೈಲುಬಂಧುವಿನ ಧರ್ಮಪತ್ನಿ" ಎಂದು ಕರೆದ. ಚಪ್ಪಾಳೆ ಬಿತ್ತು. ಅವಳು ಮೈಕಿನ ಮುಂದೆ ಹೋಗಿ ನಿಂತಳು. ಅವಳ ಬೆನ್ನ ಹಿಂದೆ ಕುರ್ಚಿಯಲ್ಲಿ ಭಾವ.

ಹೇಳಬೇಕಾದ ಎರಡು ಮಾತು ಅವಳಿಗೆ ಬಾಯಿಪಾಠವಾಗಿತ್ತು. ನನ್ನ ಗಂಡನಿಗಾಗಿ. ಬಾಯಿ ತೆರೆದಳು. ಮೈಕಿನಲ್ಲಿ ಉಸಿರು ಮಾತ್ರ ಹೋಯಿತು.

"ಮಾತಾಡಮ್ಮ, ಹೆದರಬೇಡ," ಎಂದ ಭಾವ ಹಿಂದಿನಿಂದ, ಪ್ರೀತಿಯಿಂದಲೇ.

ಅವಳು ಕೆಳಗೆ ನೋಡಿದಳು. ಮುಂದಿನ ಸಾಲಿನಲ್ಲಿ ಅತ್ತೆ ಮುಖವನ್ನು ಮೇಲೆತ್ತಿ, ಸೊಸೆ ಮನೆಯಲ್ಲಿ ಏನಾದರೂ ಹೇಳಲು ಬಂದಾಗ ಕಾಯುವಂತೆಯೇ ಕಾಯುತ್ತಿದ್ದಳು. ಆ ಮುಖದೊಂದಿಗೆ ಅವಳು ಎಂದೂ ಗಂಟಲಿನಲ್ಲಿ ಮಾತಾಡಿರಲಿಲ್ಲ. ತುಟಿಗಳು ತಾವಾಗಿ ಆಡಿದವು.

"ಅತ್ತೆ, ನಿಮ್ಮ ಚಿಕ್ಕ ಮಗನ್ನ ಭಾವ ಕೈಬಿಟ್ಟರು. ಮೇಲಿನ ಪೇಟೆಯ ವೋಟಿಗೆ. ಮಾಲೀಕನ ವಕೀಲ ಕೇಳಿದ. ಒಳಗಿರೋರ ಮಾತು ಎತ್ತಬಾರದು ಅಂದ. ನಾನು ಕಂಬದ ಹತ್ತಿರ ನಿಂತು ಕಿಟಕಿಯಲ್ಲಿ ನೋಡಿದೆ. ಭಾವ ಆಯ್ತು ಅಂದರು."

"ಜೋರಾಗಿ! ಕೇಳಿಸ್ತಿಲ್ಲ!" ಹಿಂದಿನಿಂದ ಪೇಟೆಯವರು ಕೂಗಿದರು. ಮುಂದಿನವರು ಯಾರೂ ಕೂಗಲಿಲ್ಲ. ಗುಂಡಕ್ಕನ ಅಗಿಯುತ್ತಿದ್ದ ಬಾಯಿ ನಿಂತಿತ್ತು.

"ಜೈಲಲ್ಲಿ ಅವರು ಕೆಮ್ಮಿದರೆ ರಕ್ತ ಬರುತ್ತೆ ಅತ್ತೆ," ಎಂದಳು. "ನಿಮಗೆ ಹೇಳಿರಲಿಲ್ಲ."

ಮೈಕಿನವನು ಓಡಿ ಬಂದು ತಂತಿ ಜಗ್ಗಿ ನೋಡಿದ. ಬೆರಳಿನಿಂದ ಬಡಿದ. ಟಕ್ ಟಕ್ ಎಂದು ಮೈದಾನದ ಎಲ್ಲ ಕಂಬಗಳೂ ಒಟ್ಟಿಗೆ ಬಡಿದವು. "ಸರಿಯಾಗೇ ಇದೆಯಲ್ಲ," ಎಂದು ಗೊಣಗಿದ.

ಮುಂದಿನ ಸಾಲುಗಳ ಕಣ್ಣುಗಳು ಅವಳ ತುಟಿ ಬಿಟ್ಟು, ಅವಳ ಹೆಗಲ ಮೇಲಿಂದ, ಹಿಂದಿನ ಕುರ್ಚಿಯ ಕಡೆಗೆ ಸರಿದವು. ಕುರ್ಚಿ ಸರಿದ ಸದ್ದು ಕೇಳಿತು. ಭಾವ ಇಷ್ಟು ಹೊತ್ತು ಅವಳ ಬೆನ್ನನ್ನಷ್ಟೇ ಕಂಡಿದ್ದ. ಈಗ ಜನರ ಮುಖ ಕಂಡು ಎದ್ದು ಬಂದ. ಮೈಕಿನ ಹತ್ತಿರ ನಿಂತು ಒಮ್ಮೆ ಅವಳನ್ನು ನೋಡಿದ. ಬೈಯಲಿಲ್ಲ. ಮೈಕನ್ನು ದಾಟಿ ವೇದಿಕೆಯ ಅಂಚಿಗೆ ಹೋಗಿ, ಇಸ್ತ್ರಿಯ ಬಟ್ಟೆಯಲ್ಲೇ ಮೊಣಕಾಲೂರಿ ಕೂತ. ಕೈಗಳು ಎರಡೂ ಹಲಗೆಯ ಮೇಲಿದ್ದವು.

"ಅಮ್ಮಾ," ಎಂದ, ಸದ್ದಿಲ್ಲದೆ, ಶೆಡ್ಡಿನ ದಿನಗಳಂತೆ. "ಹಾಗಲ್ಲಮ್ಮ. ಗೆದ್ದರೆ ತಾನೆ ಏನಾದರೂ ಮಾಡಬಹುದು. ನೀನು ಕೇಳು..."

ಅತ್ತೆ ದೊಡ್ಡ ಮಗನ ಮುಖವನ್ನೇ ನೋಡಿದಳು. ಪಕ್ಕದ ಖಾಲಿ ಜಾಗದಲ್ಲಿದ್ದ ಚೀಲವನ್ನು ಎತ್ತಿ ಮಡಿಲಲ್ಲಿಟ್ಟುಕೊಂಡಳು. ಆಮೇಲೆ ಕಣ್ಣು ಮುಚ್ಚಿದಳು.

"ಹಲೋ, ಹಲೋ," ಎಂದವು ಕಂಬಗಳೆಲ್ಲ. ಮುಚ್ಚಿದ ಆ ರೆಪ್ಪೆಗಳ ಎದುರು ಭಾವನ ತುಟಿಗಳು ಇನ್ನೂ ಆಡುತ್ತಲೇ ಇದ್ದವು.