ಬಿಡುವ ಹೊತ್ತಿಲ್ಲದ ಗ್ರಹಣ

ಸೂರ್ಯ ಇನ್ನೇನು ವಾಶಿಯ ಖಾಡಿಯ ನೀರಿಗೆ ಬಿದ್ದೇಬಿಟ್ಟ ಎಂಬಂತೆ ಟೀವಿಯವರು ಎರಡು ದಿನದಿಂದ ಬಾಯಿ ಬಡಿದುಕೊಳ್ಳುತ್ತಿದ್ದರು. 2012ರ ಮಾರ್ಚ್ ಅದು. ಸೂರ್ಯನಲ್ಲಿ ದೊಡ್ಡ ಜ್ವಾಲೆಯೆದ್ದು, ಬಿಸಿ ಕಣಗಳ ಮೋಡವೊಂದು ಭೂಮಿಯ ಕಡೆ ಹೊರಟಿತ್ತು. ಕೋಪರಖೈರಣೆಯ ಪುಟ್ಟ ಫ್ಲ್ಯಾಟಿನಲ್ಲಿ ಎಂಟು ತಿಂಗಳ ಬಸುರಿ ರಮಿತಾ ಇದ್ದಳು, ಅವಳ ಅತ್ತೆ ಅಕ್ಕು ಇದ್ದರು. ಸೂರ್ಯನಿಗೆ ಏನೇ ಆದರೂ ಅಕ್ಕುವಿನ ಲೆಕ್ಕದಲ್ಲಿ ಅದು ಗ್ರಹಣವೇ. ನೀರಿನ ಕೊಡಕ್ಕೆ ಗರಿಕೆ ಹಾಕಿದರು, ಕಿಟಕಿಗೆ ಹೊದಿಕೆ ಕಟ್ಟಿದರು, ಒಲೆ ಹಚ್ಚಲಿಲ್ಲ. ಹಿಂದಿನ ಸಂಜೆಯ ಗಂಜಿಯ ನಂತರ ರಮಿತಾ ಏನೂ ತಿಂದಿರಲಿಲ್ಲ.

ಬೇರೆ ಯಾರಾದರೂ ಹೀಗೆ ಮಾಡಿದ್ದರೆ ಅವಳು ನಗುತ್ತಿದ್ದಳು. ಆದರೆ ಅತ್ತೆಯ ಚೊಚ್ಚಲ ಮಗು 1980ರ ಗ್ರಹಣದ ದಿನವೇ ಹೊಟ್ಟೆಯೊಳಗೆ ತೀರಿಹೋಗಿತ್ತು. ಬಸುರಿ ಹೊರಗೆ ಕಾಲಿಟ್ಟದ್ದಕ್ಕೇ ಹಾಗಾಯಿತೆಂದು ಊರಿಡೀ ನಂಬಿತ್ತು.

ಮಧ್ಯಾಹ್ನ ಟೀವಿಯ ಪರದೆ ತುಂಬ ಚುಕ್ಕೆ ಎದ್ದು ದನಿ ನಿಂತಿತು. ಪ್ರತಿ ಮಾರ್ಚಿನಲ್ಲೂ ಸೂರ್ಯ ಟೀವಿ ಉಪಗ್ರಹದ ನೇರ ಹಿಂದೆ ಬಂದಾಗ ಕೆಲವು ನಿಮಿಷ ಹೀಗಾಗುತ್ತದೆಂದು ಕೇಬಲ್‌ನವನು ಹೇಳಿದ್ದುಂಟು. ಆ ಹೊತ್ತಿಗೆ ಅದು ಯಾರಿಗೆ ನೆನಪಾಗುತ್ತದೆ? ಗ್ರಹಣ ಹಿಡಿಯಿತೆಂದು ಅಕ್ಕು ಪಿಸುಗುಟ್ಟಿದರು. ರಮಿತಾಳ ಕೈ ತಾನಾಗಿ ಹೊಟ್ಟೆಯ ಮೇಲೆ ಹೋಯಿತು. ಬೆಳಗಿನಿಂದ ಮಗು ಒದ್ದೇ ಇಲ್ಲವೆಂದು ಆಗ ಹೊಳೆಯಿತು.

ರಬಾಳೆಯ ಕಾರ್ಖಾನೆಯಲ್ಲಿದ್ದ ಗಂಡ ಸೂರಜ್‌ಗೆ ಫೋನ್ ಮಾಡಿ, ಸೂರ್ಯನಿಂದ ಏನಾದರೂ ಅಪಾಯವಿದೆಯೇ ಎಂದು ಕೇಳಿದಳು. ಅವನು ಸಮಾಧಾನ ಹೇಳಿದ. ಮಳೆಮೋಡ ನೋಡುವ ಉಪಗ್ರಹಗಳಲ್ಲೇ ಕೆಲವು ಸೂರ್ಯನ ಮೇಲೂ ಕಣ್ಣಿಟ್ಟಿವೆ; ಇನ್ನು ಕೆಲವು ಸೂರ್ಯನ ದಿಕ್ಕಿನಲ್ಲಿ ಹದಿನೈದು ಲಕ್ಷ ಕಿಲೋಮೀಟರ್ ಆಚೆ ಕಾವಲು ಕೂತು, ಆ ಮೋಡ ಭೂಮಿಗೆ ತಾಗುವ ಮೊದಲೇ ತಿಳಿಸುತ್ತವೆ. ವಿಮಾನದ ರೇಡಿಯೋಗೆ, ಕರೆಂಟಿನ ತಂತಿಗೆ ತೊಂದರೆಯಾದೀತು, ನೆಲದ ಮೇಲಿನ ಮನುಷ್ಯರಿಗೆ ಏನೂ ಆಗುವುದಿಲ್ಲ ಎಂದ. ಮಗು ಒದ್ದಿಲ್ಲವೆಂದು ಅವಳು ಹೇಳಿದ್ದೇ ಅವನ ದನಿ ಬದಲಾಯಿತು. ಈಗಲೇ ಆಸ್ಪತ್ರೆಗೆ ಹೊರಡು, ನಾನು ಅಲ್ಲಿಗೇ ಬರುತ್ತೇನೆ ಎಂದ.

ಅಕ್ಕು ಬಾಗಿಲಿಗೆ ಅಡ್ಡ ನಿಂತಿದ್ದರು.

"ಗ್ರಹಣ ಬಿಡ್ಲಿ ಮಗಾ. ಬಿಟ್ಟ ಮೇಲೆ ಹೋಗುವ."

"ಇದು ಬಿಡುವ ಹೊತ್ತು ಪಂಚಾಂಗದಲ್ಲಿ ಇಲ್ಲ, ಮಾಮಿ. ಬೆಳಿಗ್ಗೆಯಿಂದ ಮಗು ಮಿಸುಕ್ಲಿಲ್ಲ."

ಅಕ್ಕು ಬಾಗಿಲಿಗೆ ಬೆನ್ನು ಕೊಟ್ಟು, ನೆಲ ನೋಡುತ್ತಾ ಹೇಳಿದರು.

"ನಾನು ಅವತ್ತು ಹೊರಗೆ ಹೋಗ್ಲೇ ಇಲ್ಲ. ಮಗು ಮಿಸುಕುದಿಲ್ಲ ಅಂತ ಗೊತ್ತಿತ್ತು. ಗ್ರಹಣ ಬಿಡ್ಲಿ ಅಂತ ಒಳಗೇ ಮಲಗಿದ್ದೆ."

ಆಮೇಲೆ ಅವರೇ ಚಿಲಕ ತೆಗೆದರು. ಹೊರಗೆ ಬಿಸಿಲು ಸುರಿಯುತ್ತಿತ್ತು. ಸೊಸೆಯ ತಲೆಯ ಮೇಲೆ ಸೆರಗು ಹಿಡಿದು ರಿಕ್ಷಾ ಹತ್ತಿಸಿದರು. ದಾರಿಯುದ್ದಕ್ಕೂ ರಮಿತಾ ಅವರ ಕೈ ಗಟ್ಟಿಯಾಗಿ ಹಿಡಿದುಕೊಂಡು, ಒಮ್ಮೆ ಒದಿ, ಒಂದೇ ಸಲ ಒದಿ ಎಂದು ಹೊಟ್ಟೆಯನ್ನು ಬೇಡುತ್ತಿದ್ದಳು.

ಡಾಕ್ಟರು ಹೊಟ್ಟೆಯ ಮೇಲೆ ಎದೆಬಡಿತ ಕೇಳಿಸುವ ಯಂತ್ರವಿಟ್ಟರು. ಬರೀ ಗೊರಗೊರ ಸದ್ದು. ಯಂತ್ರವನ್ನು ಪಕ್ಕಕ್ಕೆ ಸರಿಸಿದರು. ಆಗಲೂ ಏನಿಲ್ಲ. ರಮಿತಾ ಕಣ್ಣು ಮುಚ್ಚಿದಳು. ಇನ್ನೂ ಸ್ವಲ್ಪ ಕೆಳಗೆ ಒತ್ತಿದಾಗ ಮಗುವಿನ ಎದೆಬಡಿತ ಬಿರುಸಾಗಿ ಕೇಳಿಸಿತು. ತಾಯಿ ಹಸಿದರೆ ಹೊಟ್ಟೆಯೊಳಗಿನ ಮಗುವೂ ಮಂಕಾಗುತ್ತದೆ, ಬಸುರಿಯನ್ನು ಯಾರಾದರೂ ಉಪವಾಸ ಕೆಡವುತ್ತಾರೆಯೇ ಎಂದು ಡಾಕ್ಟರು ಬೈದರು. ಕೂಡಲೇ ಬಂದದ್ದು ಒಳ್ಳೆಯದಾಯಿತು ಎಂದೂ ಹೇಳಿ ಯಂತ್ರ ಎತ್ತಲು ಹೋದರು.

ಅಕ್ಕು ಡಾಕ್ಟರ ಕೈ ತಡೆದರು. ಇನ್ನೊಂದು ಚೂರು ಕೇಳಿಸಿ ಎಂದು ಬೇಡಿದರು. ಕಣ್ಣೀರು ಗಲ್ಲದ ಮೇಲೆ ಇಳಿಯುತ್ತಿತ್ತು.

"ಅವತ್ತು ನಾನು ಮಲಗಿದ್ದಾಗ ಅದರ ಎದೆಯೂ ಹೀಗೇ ಹೊಡ್ಕೊಳ್ತಾ ಇತ್ತೋ ಏನೋ," ಎಂದರು.