ನಾಡಿ ಮುಟ್ಟದೆ ಬರೆದ ಮದ್ದು

ಬೇಡ ಅಂದರೆ ‘ಯಾಕೆ?’ ಅಂತ ಕೇಳುತ್ತಾರೆ. ಕಂಡೇ ಇಲ್ಲದ ಮುದುಕಿಯ ಮೈ, ಜ್ವರಕ್ಕೆಂದು ರಕ್ತ ತೆಗೆಯುವುದನ್ನು ತಾಳದು ಅಂತ ನನಗೆ ಹೇಗೆ ಗೊತ್ತು? ಏನು ಹೇಳಲಿ?

(ಕಥೆ ಇಲ್ಲಿಂದ ಶುರುವಾಗಬಹುದೇ? ಹದಿನೆಂಟನೆಯ ಶತಮಾನದ ಲಂಡನ್ನಿನ ಕಾಫಿ ಮನೆ, ಮಧ್ಯಾಹ್ನ. ಲೇಖನಿ ಹಿಡಿದು ಯೋಚಿಸುತ್ತಿರುವವನು ಡಾಕ್ಟರ್ ನಿನಿಯನ್ ಗಾರ್ವಿ. ಅವನು ಹಾಗೇ ಕೂತಿರಲಿ, ನಾವು ಸ್ವಲ್ಪ ಹಿಂದಕ್ಕೆ ಹೋಗೋಣ.)

1.

ಮೊದಲ ಕರಡು ಹುಟ್ಟಿನಿಂದ ಶುರುವಾಗಿತ್ತು. ಸ್ಕಾಟ್ಲೆಂಡಿನ ಫೈಫ್ ಸೀಮೆ, ನೇಕಾರರ ಮನೆ, ತಾಯಿಯಿಲ್ಲದ ಮಗು, ಸಾಕಿದ ಅಕ್ಕ ಎಲ್ಸ್‌ಪೆತ್. ಎಡಿನ್‌ಬರೋದಲ್ಲಿ ಓದು. ಲಂಡನ್ನಿಗೆ ಬಂದು ಒಬ್ಬ ಕೌಂಟೆಸಳ ಬಿಕ್ಕಳಿಕೆ ನಿಲ್ಲಿಸಿದ್ದೇ ತಡ, ದೊಡ್ಡ ಮನೆತನದ ಹೆಂಗಸರ ನರದೌರ್ಬಲ್ಯವೆಲ್ಲ ಅವನ ಪಾಲಾಯಿತು. ಮಖಮಲ್ಲಿನ ಕೋಟು ಬಂತು, ಚಿನ್ನದ ಹಿಡಿಯ ಬೆತ್ತ ಬಂತು. ಕನ್ನಡಿಯ ಮುಂದೆ ನಿಂತು ಊರಿನ ಉಚ್ಚಾರವನ್ನು ನಾಲಿಗೆಯಿಂದ ಕಿತ್ತುಹಾಕಿದ.

ಈ ಕರಡು ಓದಿದ ಗಾರ್ವಿಗೆ ಹಿಡಿಸಿತು. “ಅಕ್ಕನ ವಿಷಯ ಒಂದು ಬಿಟ್ಟುಬಿಡು,” ಅಂದ. ಅದಕ್ಕೇ ಹರಿದೆ.

2.

ಎಂದಿನಂತೆ ಔಷಧಿ ಅಂಗಡಿಯವರು ಒಬ್ಬೊಬ್ಬರೇ ಮೇಜಿನ ಹತ್ತಿರ ಬಂದು ತಮ್ಮ ರೋಗಿಗಳ ಲಕ್ಷಣ ಹೇಳುತ್ತಿದ್ದರು. ಗಾರ್ವಿ ಕಾಫಿ ಹೀರುತ್ತಲೇ ಮದ್ದು ಬರೆದುಕೊಡುತ್ತಿದ್ದ. ಅಂಥ ರೋಗಿಗಳನ್ನು ನೋಡುವ ಪದ್ಧತಿ ಅವನಂಥ ವೈದ್ಯರಿಗಿರಲಿಲ್ಲ. ಕೊನೆಗೆ ಟಪ್ಪರ್ ಬಂದ.

“ಡಾಕ್ಟ್ರೇ, ನಮ್ಮಂಗಡಿ ಮೇಲಿನ ಕೋಣೆಗೆ ನಿಮ್ಮ ಸೀಮೆಯ ಮುದುಕಿಯೊಬ್ಳು ಬಂದಿದಾಳೆ. ಸುಡೋ ಜ್ವರ, ಎದೆ ತುಂಬ ಕಫ. ಒಂದು ನುಣುಪು ಕಲ್ಲು ಕಾಯಿಸ್ಕೊಂಡು ಪಕ್ಕೆಗೆ ಒತ್ತಿಕೊಂಡು ಮಲಗಿರ್ತಾಳೆ.”

“ಹೆಸರು?”

“ಹೇಳಲ್ಲ! ತಮ್ಮ ಇಲ್ಲೇ ದೊಡ್ಡ ಡಾಕ್ಟರಂತೆ. ಹೆಸರು ಹೇಳಿದ್ರೆ ಅವನ ಮರ್ಯಾದೆ ಹೋಗತ್ತಂತೆ. ದೂರದಿಂದ ಒಂದ್ಸಲ ನೋಡ್ಕೊಂಡು ಹೋಗೋಕೆ ಬಂದದ್ದಂತೆ.”

ಪಕ್ಕದಲ್ಲಿದ್ದ ಲಾರ್ಡ್ ಹಾರ್ಕೂಮ್ ಹೊಟ್ಟೆ ಕುಲುಕಿಸಿ ನಕ್ಕ. “ಕಲ್ಲನ್ನೂ ಊರಿಂದಲೇ ಹೊತ್ಕೊಂಡು ಬಂದಳೇನಯ್ಯಾ? ಪಾಪ, ನಿಮ್ಮ ಕಡೆ ಬೆಳೆಯೋದು ಅದೊಂದೇ ಅಲ್ವಾ, ಗಾರ್ವಿ!”

ಗಾರ್ವಿಯೂ ನಕ್ಕ. ಎಲ್ಲರಿಗಿಂತ ತುಸು ಜೋರಾಗಿ.

ಅದೇ ಕಲ್ಲನ್ನು ಚಳಿಗಾಲದಲ್ಲಿ ಅಕ್ಕ ಅವನ ಎದೆಯ ಮೇಲಿಡುತ್ತಿದ್ದಳು.

“ಹಾಗಾದ್ರೆ ರಕ್ತ ತೆಗೀಲಾ?” ಟಪ್ಪರ್ ಕೇಳಿದ. “ಈ ಜ್ವರಕ್ಕೆ ಎಲ್ರೂ ಅದನ್ನೇ ಬರೀತಾರೆ.”

ಹಿಂದೊಮ್ಮೆ ಊರ ಕ್ಷೌರಿಕ ರಕ್ತ ತೆಗೆದಾಗ ಎಲ್ಸ್‌ಪೆತ್ ಸಾವಿನ ಬಾಗಿಲು ತಟ್ಟಿ ಬಂದಿದ್ದಳು. ತಲೆದೆಸೆಯಲ್ಲಿ ಕೂತಿದ್ದವನು ನಿನಿಯನ್.

4.

(ಮೂರನೆಯ ಕರಡಿನಲ್ಲಿ ಅವನು ಎದ್ದು ಓಡಿ ಅಕ್ಕನ ಕೈ ಹಿಡಿಯುತ್ತಾನೆ. ಬರೆಯುವಾಗ ನನ್ನ ಕಣ್ಣು ಒದ್ದೆಯಾಯಿತು. ಓದುವಾಗ ನಾಚಿಕೆಯಾಯಿತು, ಅದನ್ನೂ ಹರಿದೆ.)

“ಏಳಯ್ಯಾ,” ಅಂದೆ.

“ನಿನಗೇನಪ್ಪಾ, ಬರೆದು ಎದ್ದು ಹೋಗ್ತೀಯ. ನಾಳೆ ಈ ಮೇಜಿಗೆ ನಾನು ಬರಬೇಕು.”

“ರಕ್ತ ಬೇಡ ಅಂತಾದ್ರೂ ಬರಿ.”

“ಯಾಕೆ ಅಂದ್ರೆ?”

“ಏನೋ ಒಂದು ಸುಳ್ಳು ಹೇಳು. ಕೌಂಟೆಸಳಿಗೆ ದಿನಾ ಹೇಳಲ್ವಾ?”

ಅವನು ಬಟ್ಟಲೆತ್ತಿ ಮುಖ ಮರೆಮಾಡಿಕೊಂಡ. “ಲೇಖಕ ನೀನು. ನೀನೇ ಎಬ್ಬಿಸು, ನೋಡೋಣ.”

‘ಗಾರ್ವಿ ಎದ್ದ’ ಎಂದು ಬರೆದೆ. ವಾಕ್ಯ ಎದ್ದು ನಿಂತಿತು. ಅವನು ಕೂತೇ ಇದ್ದ.

5.

ರಕ್ತ ತೆಗೆಯುವುದು, ಎಂದು ಬರೆದು ಸಹಿ ಹಾಕಿದ.

ಓದುಗರೇ, ಅವಳು ಬದುಕಿದಳೇ ಎಂದು ಕೇಳಬೇಡಿ. ಬದುಕಿಸಿದರೆ ಅವನಿಗೆ ಕ್ಷಮೆ ಸಿಗುತ್ತದೆ. ಸಾಯಿಸಿದರೆ ದುಃಖ ಸಿಗುತ್ತದೆ, ಕೆಲವರು ಅದನ್ನೂ ಮಖಮಲ್ಲಿನ ಹಾಗೆ ತೊಡುತ್ತಾರೆ. ಎರಡನ್ನೂ ಅವನಿಗೆ ಕೊಡಲು ನನಗೆ ಮನಸ್ಸಿಲ್ಲ. ನನ್ನ ಹತ್ತಿರ ಉಳಿದಿರುವುದು ಬಾಗಿಲವರೆಗಿನ ಕಥೆ ಮಾತ್ರ.

ಬಾಗಿಲಲ್ಲಿ ಟಪ್ಪರ್ ತಿರುಗಿದ. “ಆಯಮ್ಮನಿಗೆ ಏನಾದ್ರೂ ಹೇಳ್ಬೇಕಾ, ಡಾಕ್ಟ್ರೇ?”

ಗಾರ್ವಿ ಬಾಯಿ ತೆರೆದ. ಹಾರ್ಕೂಮ್ ಅವನನ್ನೇ ನೋಡುತ್ತಿದ್ದ.

“ಬೆಚ್ಚಗಿರಲಿಕ್ಕೆ ಹೇಳು,” ಅಂದ.