ಮೂರನೇ ಮನೆಯ ಹಂಚು

ಆ ಬೆಳಿಗ್ಗೆ ಬ್ಯಾಂಕಾಕಿಗೆ ಚಳಿ ಇಳಿದಿತ್ತು. ವರ್ಷಕ್ಕೆ ನಾಲ್ಕೋ ಐದೋ ದಿನ ಬಂದುಹೋಗುವ ಚಳಿ ಅದು. ಉತ್ತರದ ಬೆಟ್ಟಗಳ ಕಡೆಯಿಂದ ಗಾಳಿ ಬೀಸುತ್ತದೆ, ಕಾಲುವೆಯ ನೀರಿನ ಮೇಲೆ ತೆಳ್ಳಗೆ ಹಬೆ ಏಳುತ್ತದೆ, ಮಧ್ಯಾಹ್ನದ ಹೊತ್ತಿಗೆ ಏನೂ ಆಗಿಲ್ಲವೆಂಬಂತೆ ಬಿಸಿಲು ಮರಳುತ್ತದೆ. ಅಷ್ಟಕ್ಕೇ ನಮ್ಮ ನಾಂಗ್ ಲೋಂಗ್ ಕೇರಿಯವರೆಲ್ಲ ಪೆಟ್ಟಿಗೆಯ ತಳದಿಂದ ಸ್ವೆಟರು ತೆಗೆಯುತ್ತಾರೆ. ಕೇರಿಗೆ ಕೇರಿಯೇ ನುಸಿಗುಳಿಗೆಯ ವಾಸನೆ. ಬಾತುಕೋಳಿ ಸುಡುವವನು ತೀರಿಹೋದ ತನ್ನ ತಂದೆಯ ಕೋಟು ತೊಟ್ಟು ಅಂಗಡಿ ತೆರೆದಿದ್ದ. ಅವನನ್ನು ಹಿಂದಿನಿಂದ ಕಂಡ ಹಳಬರು ಒಂದು ಗಳಿಗೆ ನಿಂತು, ಆಮೇಲೆ ಮುಂದೆ ಹೋಗುತ್ತಿದ್ದರು.

ನಾನು ಈ ಕೇರಿಗೆ ಮನೆಅಳಿಯನಾಗಿ ಬಂದು ಇಪ್ಪತ್ತೇಳು ವರ್ಷವಾಯಿತು. ಹನ್ನೊಂದು ವರ್ಷದಿಂದ ಹೊರಗಿನವರನ್ನು ಕರೆದುಕೊಂಡು ಓಣಿ ಓಣಿ ಸುತ್ತಿಸಿ ತಿನ್ನಿಸುವುದೇ ನನ್ನ ಕಸುಬು. ಕಾಗದದ ಮೇಲೆ ನನ್ನ ಹೆಸರು ಪ್ರಯೂನ್. ಎಲ್ಲರೂ ಕರೆಯುವುದು ಕೊಪ್ ಎಂದು, ಅಂದರೆ ಕಪ್ಪೆ. ಕೂಸು ಯಾವ ದೆವ್ವದ ಕಣ್ಣಿಗೂ ಬೀಳದಿರಲಿ ಎಂದು ಅಮ್ಮ ಇಟ್ಟ ಹೆಸರು. ಗೈಡ್ ಆದ ಮೇಲೆ ಹೆಸರಿಗೆ ತಕ್ಕಂತೆ ಬಾಯಿಯೂ ಬಂತು ಎಂದು ನನ್ನ ಹೆಂಡತಿ ಹೇಳುತ್ತಾಳೆ.

ಪ್ರವಾಸ ಇದ್ದ ದಿನ ನಸುಕಿನಲ್ಲೇ ಹೋಗಿ, ಎಷ್ಟು ಜನ ಬರುತ್ತಾರೆಂದು ಅಂಗಡಿಗಳಿಗೆ ತಿಳಿಸಿ ಬರುವುದು ನನ್ನ ರೂಢಿ. ಕೊನೆಯದು ಯಾಯಿ ಸಮ್ಲಿಯವರ ಒಲೆ. ಯಾಯಿ ಎಂದರೆ ಅಜ್ಜಿ. ಮರದ ಹಳೆಯ ಚಿತ್ರಮಂದಿರದ ಪಕ್ಕದಲ್ಲಿ ಇದ್ದಿಲ ಒಲೆ ಹೂಡಿ, ಮಣ್ಣಿನ ಗುಳಿಹಂಚಿನಲ್ಲಿ ಅಕ್ಕಿಹಿಟ್ಟು ತೆಂಗಿನಹಾಲಿನ ಗುಳಿಯಪ್ಪ ಬೇಯಿಸುವ ಎಪ್ಪತ್ತೆಂಟರ ಮುದುಕಿ. ಕೆಳಗೆ ಸಿಹಿಹಿಟ್ಟು, ಮೇಲೆ ಉಪ್ಪು ಬೆರೆಸಿದ ದಪ್ಪ ಹಾಲು, ಅದರ ಮೇಲೆ ನಾಲ್ಕು ಎಸಳು ಈರುಳ್ಳಿ ಸೊಪ್ಪು. ಬೆಂದ ಮೇಲೆ ಎರಡೆರಡನ್ನು ಮುಖಕ್ಕೆ ಮುಖ ಕೂಡಿಸಿ ಬಾಳೆಲೆಯಲ್ಲಿಡುತ್ತಾರೆ. ಮೊದಲ ಹಂಚಿನದು ಮಾರಾಟಕ್ಕಿಲ್ಲ. ಅದು ಭಿಕ್ಷೆಗೆ ಬರುವ ಭಿಕ್ಷುವಿನ ಪಾತ್ರೆಗೆ. ಹಾಗೆ ನೀಡಿದ ಮೇಲೆ, ಮಂತ್ರ ಮುಗಿಯುವವರೆಗೂ ಪುಟ್ಟ ಹಿತ್ತಾಳೆ ಚೊಂಬಿನಿಂದ ನೀರು ಧಾರೆ ಎರೆದು, ಆ ಪುಣ್ಯವನ್ನು ಯಾರಿಗೋ ಸಲ್ಲಿಸುತ್ತಾರೆ. ಯಾರಿಗೆಂದು ನಾನು ಎಂದೂ ಕೇಳಿರಲಿಲ್ಲ.

ಅಂದು ಹುಣ್ಣಿಮೆ, ಭಿಕ್ಷುಗಳ ಮುಂದೆ ಕೂತು ವ್ರತ ಹಿಡಿಯುವ ಶೀಲದ ದಿನ. ಯಾಯಿ ಬಿಳಿ ಸೀರೆಯಂಥ ಪಂಚೆ, ಬಿಳಿ ರವಿಕೆ ತೊಟ್ಟು ಬುದ್ಧವಿಹಾರಕ್ಕೆ ಹೊರಟು ನಿಂತಿದ್ದರು. ಗೋಡೆಗೆ ಹೊಸದೊಂದು ಗುಳಿಹಂಚು ಒರಗಿತ್ತು. ತಿಂಗಳಿನಿಂದ ಅದನ್ನು ಅಕ್ಕಿ ತೊಳೆದ ನೀರಿನಲ್ಲಿ ನೆನೆಸಿ, ಹಾಲು ಹಿಂಡಿ ಉಳಿದ ತೆಂಗಿನ ಗಸಿ ಸುಟ್ಟು ಪಳಗಿಸುತ್ತಿದ್ದುದನ್ನು ನೋಡಿದ್ದೆ. ಹಳೆಯದು ಗಟ್ಟಿಯಾಗಿರುವಾಗ ಇದೇಕೆ ಎಂದು ತಮಾಷೆ ಮಾಡಿದ್ದೆ ಕೂಡ. ಎಂಟು ಜನ ಬರುತ್ತಾರೆ ಎಂದೆ. ಅವರು ತಲೆಯಾಡಿಸಿ, ನಿಧಾನವಾಗಿ ಹೇಳಿದರು:

"ಇವತ್ತು ಆ ಅರಮನೆ ಕತೆ ಹೇಳ್ಬೇಡ, ಕೊಪ್."

ಆ ಕತೆಯ ಬಗ್ಗೆ ಇಲ್ಲಿ ಹೇಳಿಬಿಡಬೇಕು. ನಾನು ಕಸುಬು ಶುರುಮಾಡಿದ ವರ್ಷ ಬಂದವರು ಯಾಯಿಯ ಒಲೆಯ ಮುಂದೆ ನಿಲ್ಲುತ್ತಿರಲಿಲ್ಲ. ಗುಳಿಯಪ್ಪ ಎಲ್ಲಿ ಸಿಗುವುದಿಲ್ಲ? ಒಂದು ದಿನ ನನ್ನ ಬಾಯಿಂದ ಸುಮ್ಮನೆ ಬಂತು. ಈ ಹಂಚು ಅರಮನೆಯ ಅಡುಗೆಮನೆಯದು, ಇವರ ಅಜ್ಜಿ ಅಲ್ಲಿ ರಾಣಿವಾಸಕ್ಕೆ ತಿಂಡಿ ಮಾಡುತ್ತಿದ್ದರು ಎಂದೆ. ಎಲ್ಲರೂ ನಿಂತರು, ಹಂಚಿನ ಫೋಟೊ ತೆಗೆದರು. ಮರುವಾರದಿಂದ ಸಾಲು ಹತ್ತಿತು. ಆಗ ಯಾಯಿಯ ಸೂರು ಸೋರುತ್ತಿತ್ತು. ಬೇಡ ಎಂದು ಒಮ್ಮೆ ಅಂದರು, ಆಮೇಲೆ ಅನ್ನಲಿಲ್ಲ. ನಾನು ಕತೆ ಶುರುಮಾಡುತ್ತಲೇ ಇದ್ದಿಲು ತರುವುದಿದೆ ಎಂದು ಒಳಗೆ ಹೋಗುತ್ತಿದ್ದರು. ಹನ್ನೊಂದು ವರ್ಷ ಪ್ರತಿ ಸಲವೂ ಅದೇ ಗಳಿಗೆಗೆ ಇದ್ದಿಲು ಮುಗಿಯುತ್ತಿತ್ತು. ಸಂಕೋಚದ ಹೆಂಗಸು ಎಂದುಕೊಂಡಿದ್ದೆ. ಕೊನೆಗೆ ಹಂಚಿನ ಚಿತ್ರದೊಡನೆ ಆ ಕತೆ ನನ್ನ ಕರಪತ್ರದಲ್ಲೂ ಅಚ್ಚಾಯಿತು.

"ಸುಳ್ಳು ಹೇಳಿದ್ದು ನಾನು ತಾನೆ? ನಿಮಗೇನು ಪಾಪ?" ಎಂದು ನಕ್ಕೆ.

"ನೀನು ಹೇಳ್ತೀಯ, ನಾನು ಮಾರ್ತೀನಿ. ಬೆಳಿಗ್ಗೆ ಗುರುಗಳ ಮುಂದೆ ಕೂತು ಸುಳ್ಳಾಡಲ್ಲ ಅಂತ ಶೀಲ ತಗೊಂಡು, ಇಲ್ಲಿ ಬಂದು ಅದರ ಪಕ್ಕದಲ್ಲೇ ಕೂತಿರ್ತೀನಿ. ಈ ಹಂಚು ನಂದಲ್ಲ ಕಣೋ. ಕಡ ತಂದಿದ್ದು. ಕೊಟ್ಟವಳನ್ನ ಹುಡುಕಿ ಸಾಕಾಯ್ತು. ಅವಳ ಹೆಸರನ್ನಾದ್ರೂ ಹೇಳಿಬಿಟ್ರೆ, ಹೋಗೋ ಹೊತ್ತಿಗೆ ಹಗುರಾಗ್ತೀನಿ."

ಹೆಸರು ಹೇಳಿದರೆ ಕತೆ ಹೋಯಿತು. ಕತೆ ಹೋದರೆ ಸಾಲು ಹೋಯಿತು, ಯಾಯಿಯದೂ ನನ್ನದೂ. ನೋಡೋಣ ಎಂದು ಜಾರಿಕೊಂಡೆ.

ಎಂಟು ಗಂಟೆಗೆ ಮಾರುಕಟ್ಟೆಯ ಬಾಗಿಲಲ್ಲಿ ಜನ ಸೇರಿದರು. ಏಳು ಮಂದಿ ನಖೋನ್ ಸವನ್ ಕಡೆಯ ನಿವೃತ್ತ ಮೇಷ್ಟರು, ಮೇಡಮ್ಮುಗಳು. ಎಂಟನೆಯವಳು ಒಬ್ಬಳೇ ಬಂದಿದ್ದಳು. ವಯಸ್ಸು ಐವತ್ತರ ಮೇಲೆ, ಹೆಸರು ವಿಮೊನ್, ಹೆಗಲಿಗೊಂದು ಬಟ್ಟೆಚೀಲ. ಮೇಷ್ಟರುಗಳು ಬಾತುಕೋಳಿ ಅನ್ನ, ಮೀನುಸಾರಿನ ಶಾವಿಗೆ, ಬಾಳೆಲೆಯಲ್ಲಿ ಸುಟ್ಟ ಅಂಟಕ್ಕಿ ಎಲ್ಲವನ್ನೂ ಪರೀಕ್ಷೆಯ ಕಾಗದ ತಿದ್ದುವವರ ಹಾಗೆ ಚರ್ಚಿಸುತ್ತ ತಿಂದರು. ಬಡಕಲು ದೇಹದ ಹಿರಿಯ ಮೇಷ್ಟರೊಬ್ಬರು ಎರಡನೇ ಬಟ್ಟಲು ಕೇಳಿದಾಗ, ಅವರ ಹೆಂಡತಿ, ಮನೆಯಲ್ಲಿ ಉಪವಾಸ ಇಟ್ಟಿದ್ದೇನೆ ಎಂದು ಊರಿಗೆಲ್ಲ ಸಾರಿಬಿಡಿ ಎಂದರು. ವಿಮೊನ್ ಮಾತ್ರ ಒಂದೊಂದು ತುತ್ತು ತಿಂದು, ಮಹಡಿಯ ಮರದ ಕಿಟಕಿಗಳನ್ನು ನೋಡುತ್ತ ನಡೆದಳು. ಒಂದು ತಿರುವಿನಲ್ಲಿ ನಿಂತು, ಇಲ್ಲೊಂದು ನೀರಿನ ನಲ್ಲಿ ಇತ್ತಲ್ಲ, ಅದರ ಹಿಂದೆ ಆರು ಮನೆಗಳ ಸಾಲು, ಎಂದು ಕೇಳಿದಳು. ನಾನು ಬರುವ ಮೊದಲೇ ಕೆಡವಿದರಂತೆ ಎಂದೆ. ಅವಳು ಖಾಲಿ ಗೋಡೆಯನ್ನು ಒಮ್ಮೆ ಅಂಗೈಯಿಂದ ಮುಟ್ಟಿದಳು.

ಯಾಯಿಯ ಒಲೆಯ ಬಳಿ ಬಂದಾಗ ಒಂಬತ್ತೂವರೆ. ಗಾಳಿಗೆ ಇದ್ದಿಲು ಕೆಂಪಗೆ ಉಸಿರಾಡುತ್ತಿತ್ತು. ಸುಟ್ಟ ತೆಂಗಿನಹಾಲಿನ ಪರಿಮಳ ಹಳೆಯ ಚಿತ್ರಮಂದಿರದ ಮರಕ್ಕೆಲ್ಲ ಹತ್ತಿಕೊಂಡಿತ್ತು. ಎಲ್ಲರೂ ಸುತ್ತ ನಿಂತರು. ನಾನು ಅಭ್ಯಾಸದಂತೆ ಗಂಟಲು ಸರಿಮಾಡಿಕೊಂಡು, ಈ ಹಂಚು ನೋಡಿ, ಎಂದು ಶುರುಮಾಡಿದೆ.

ಯಾಯಿ ಇದ್ದಿಲು ತರಲು ಏಳಲಿಲ್ಲ. ಬಿಳಿಬಟ್ಟೆಯಲ್ಲಿ ನೆಟ್ಟಗೆ ಕುಳಿತು ನನ್ನ ಮುಖವನ್ನೇ ನೋಡಿದರು. ಆ ನೋಟದಲ್ಲಿ ಸಿಟ್ಟಿರಲಿಲ್ಲ. ಈ ಸಲ ನಾನು ಹೇಳಿದರೆ ಅಲ್ಲೇ ಕೂತು ಕೇಳಿಸಿಕೊಳ್ಳುತ್ತಿದ್ದರು, ಅಷ್ಟೆ. ಹಂಚಿನತ್ತ ಚಾಚಿದ್ದ ಕೈಯನ್ನು ಹಿಂದಕ್ಕೆ ತೆಗೆದುಕೊಂಡೆ.

ಆಗ ಅವರೇ ಮಾತಾಡಿದರು. ಕೈ ಕೆಲಸ ಬಿಡಲಿಲ್ಲ, ಗುಳಿಗಳಿಗೆ ಹಿಟ್ಟು ಹುಯ್ಯುತ್ತಲೇ ಹೇಳಿದರು. ಗಂಡ ತೀರಿಕೊಂಡ ವರ್ಷ ಕೈಯಲ್ಲಿ ಕೆಲಸವಿರಲಿಲ್ಲ. ನಲ್ಲಿಯ ಹಿಂದಿನ ಸಾಲಿನ ಮೂರನೇ ಮನೆಯ ಸಂಗುವನ್ ಎಂಬಾಕೆ ತಾನು ಮಾರುತ್ತಿದ್ದ ಗುಳಿಯಪ್ಪದ ಹಂಚನ್ನೇ ಕೊಟ್ಟು, ನನಗೆ ಹೇಗೂ ಕಿರಿಯದು ಇನ್ನೂ ಎದೆಗೂಸು, ಒಂದು ತಿಂಗಳು ನೀನು ಬೇಯಿಸು ಎಂದಳಂತೆ. ಹಿಟ್ಟಿನ ಹದ, ಬೆಂಕಿಯ ಹದ ಎಲ್ಲ ಪಕ್ಕದಲ್ಲಿ ಕೂತು ಕಲಿಸಿದಳು. ಅಷ್ಟರಲ್ಲಿ ಊರಿನಲ್ಲಿ ಯಾಯಿಯ ತಾಯಿ ಸತ್ತರು. ದಹನ ಮುಗಿಸಿ ಹದಿನೈದು ದಿನಕ್ಕೆ ಹಿಂತಿರುಗಿದರೆ ಆರು ಮನೆಗಳೂ ಇರಲಿಲ್ಲ. ಜಾಗದ ಒಡೆಯರು ತೆರವು ಮಾಡಿಸಿದ್ದರು. ಸಂಗುವನ್ ಮನೆಯವರು ಎಲ್ಲಿಗೆ ಹೋದರೆಂದು ಹೇಳುವವರೇ ಇರಲಿಲ್ಲ. ಹಂಚು ಮಾತ್ರ ಯಾಯಿಯ ಒಲೆಯ ಮೇಲೆ ಇದ್ದಲ್ಲೇ ಇತ್ತು.

"ನಲವತ್ತೆರಡು ವರ್ಷ ಆಯ್ತು. ದಿನಾ ಭಿಕ್ಷೆ ನೀಡಿ ಅವಳ ಹೆಸರಿಗೆ ನೀರು ಎರಿತೀನಿ. ಇದ್ರೆ ಇದ್ದಲ್ಲಿಗೆ ಮುಟ್ಟಲಿ, ಹೋಗಿದ್ರೆ ಹೋದಲ್ಲಿಗೆ ಮುಟ್ಟಲಿ ಅಂತ. ಈ ಹಂಚು ಸಂಗುವನ್‌ದು. ಅರಮನೇದಲ್ಲ."

ಮೇಷ್ಟರುಗಳು ನನ್ನತ್ತ ತಿರುಗಿದರು. ಅರಮನೆಯ ಕತೆ ನಾನೇ ಕಟ್ಟಿದ್ದು ಎಂದು ಒಪ್ಪಿಕೊಂಡೆ. ಬಡಕಲು ಮೇಷ್ಟರು ಕನ್ನಡಕದ ಮೇಲಿಂದ ನೋಡಿ, "ಬೆಳಿಗ್ಗೆ ತಿಂದ ಬಾತುಕೋಳಿ ಆದ್ರೂ ಬಾತುಕೋಳೀನೇ ತಾನೆ, ಗೈಡಪ್ಪ?" ಎಂದರು. ಎಲ್ಲರೂ ನಕ್ಕರು. ನನಗೂ ನಗು ಬಂತು, ಕಣ್ಣು ಮಾತ್ರ ಹೊಗೆಗೆ ಉರಿಯುತ್ತಿತ್ತು.

ವಿಮೊನ್ ನಕ್ಕಿರಲಿಲ್ಲ. ಮುಂದೆ ಬಂದು ಒಲೆಯ ಪಕ್ಕ ಕುಕ್ಕರಗಾಲಿನಲ್ಲಿ ಕುಳಿತಳು. ಹಂಚಿನ ಅಂಚಿನಲ್ಲಿ ಹಳೆಯ ಸೀಳೊಂದಿತ್ತು. ಅದನ್ನು ಬಿಗಿದಿದ್ದ ತಾಮ್ರದ ತಂತಿ ಹೊಗೆ ಹಿಡಿದು ಕಪ್ಪಾಗಿತ್ತು. ಅದನ್ನು ತೋರಿಸಿ, ಈ ಗಂಟು ಹಾಕಿದ್ದು ನಮ್ಮಪ್ಪ ಎಂದಳು. ಬಟ್ಟೆಚೀಲದಿಂದ ಒಂದು ಮಣ್ಣಿನ ಪುಟ್ಟ ಮುಚ್ಚಳ ತೆಗೆದಳು. ಹಂಚಿನ ಗುಳಿಗಳಿಗೆ ಮುಚ್ಚುವ ಗುಂಡಿಯಂಥ ಹಿಡಿಯ ಮುಚ್ಚಳ. ಮನೆ ಬಿಡುವ ಗಡಿಬಿಡಿಯಲ್ಲಿ ಮುಚ್ಚಳಗಳು ಗಂಟಿನ ಜೊತೆ ಹೋಗಿದ್ದವಂತೆ. ಅಮ್ಮ ಈಗಲೂ ಚಹಾ ಲೋಟಕ್ಕೆ ಅದನ್ನೇ ಮುಚ್ಚುವುದು ಎಂದಳು.

ಯಾಯಿಯ ಕೈಯ ಸೌಟು ನಿಂತಿತು. "ಮುಚ್ಚೋದು? ಅಂದ್ರೆ ಸಂಗುವನ್ ಇದಾಳಾ?"

"ಇದಾರೆ ಯಾಯಿ. ನಡೆಯೋಕೆ ಕಾಲು ಬರಲ್ಲ, ಬಾಯಿ ಚೆನ್ನಾಗಿದೆ."

"ಅಯ್ಯೋ, ಬದುಕಿರೋಳಿಗೆ ಇಷ್ಟು ವರ್ಷ ನೀರು ಎರೆದೆನಲ್ಲೇ."

"ಅದಕ್ಕೇ ಇರ್ಬೇಕು, ಅಮ್ಮ ಇವತ್ತಿಗೂ ಆಸ್ಪತ್ರೆ ಮೆಟ್ಟಿಲು ಹತ್ತಿಲ್ಲ."

ಯಾಯಿ ಸೆರಗಿನಂತೆ ಹೊದ್ದ ಬಿಳಿಬಟ್ಟೆಯಿಂದ ಬಾಯಿ ಮುಚ್ಚಿಕೊಂಡು ನಕ್ಕರೋ ಅತ್ತರೋ ತಿಳಿಯಲಿಲ್ಲ. ವಿಮೊನ್ ನನ್ನ ಕರಪತ್ರವನ್ನೂ ಚೀಲದಿಂದ ತೆಗೆದಳು. ನೆಂಟರ ಮನೆಯಲ್ಲಿ ಸಿಕ್ಕಿತಂತೆ. ಚಿತ್ರ ನೋಡುತ್ತಲೇ ಅಮ್ಮ ತಂತಿಯ ಗುರುತು ಹಿಡಿದರು. ಅರಮನೆಯದು ಎಂದು ಓದಿ ಹೇಳಿದಾಗ ಮೂರು ದಿನ ನಕ್ಕರು, ನಾಲ್ಕನೇ ದಿನ ಸುಮ್ಮನಾದರು. ಅದನ್ನು ಅವಳು ನನ್ನ ಕಡೆ ನೋಡದೆ ಹೇಳಿದಳು. ನೋಡಿ ಹೇಳಿದ್ದರೆ ಇಷ್ಟು ನಾಟುತ್ತಿರಲಿಲ್ಲ.

"ಹಂಚು ಕೇಳು ಅಂದ್ಲಾ?" ಯಾಯಿ ಮೆಲ್ಲಗೆ ಕೇಳಿದರು.

"ಇಲ್ಲ. ಕೇಳ್ಬೇಡ ಅಂದ್ರು. ಮೇಲಿನ ಹಾಲಿಗೆ ಉಪ್ಪು ಸರಿಯಾಗಿ ಹಾಕ್ತಾಳಾ, ಅದೊಂದು ನೋಡ್ಕೊಂಡು ಬಾ ಅಂದ್ರು."

ಯಾಯಿ ಎರಡು ಅಪ್ಪ ತೆಗೆದು, ಮುಖಕ್ಕೆ ಮುಖ ಕೂಡಿಸಿ, ಬಾಳೆಲೆಯಲ್ಲಿಟ್ಟು ಅವಳ ಮುಂದೆ ಹಿಡಿದರು. ಅವಳು ಊದಿ ಊದಿ ತಿಂದಳು. ಬಹಳ ಹೊತ್ತು ಅಗಿದು, ಉಪ್ಪು ಸರಿಯಾಗಿದೆ ಎಂದಳು.

ಉಳಿದವರಿಗೆ ಆ ಹಂಚಿನ ಕೊನೆಯ ಸುತ್ತು ಸಿಕ್ಕಿತು. ಎಲ್ಲರೂ ಇನ್ನೊಂದೊಂದು ಪೊಟ್ಟಣ ಕೇಳಿದರು. ಯಾಯಿ, ಇವತ್ತಿಗೆ ಇಷ್ಟೇ ಎಂದು ಒಲೆಯ ಇದ್ದಿಲನ್ನು ಎಳೆದು ಹರಡಿದರು. ಬಿಸಿಹಂಚನ್ನು ಆ ಚಳಿಗಾಳಿಗೆ ಎತ್ತಿದರೆ ಬಿರಿಯುತ್ತದೆ. ತಾನಾಗಿ ಆರಬೇಕು. ನಾನು ಮೇಷ್ಟರುಗಳನ್ನು ಬಸ್ಸಿಗೆ ಹತ್ತಿಸಿ ಮರಳಿ ಬಂದಾಗ ಇಬ್ಬರೂ ಹಾಗೇ ಕುಳಿತಿದ್ದರು. ನೀರಿನ ನಲ್ಲಿಯ ಮುಂದಿನ ಕೊಡದ ಸಾಲು, ಸಂಜೆ ಚಿತ್ರಮಂದಿರದ ಹಿಂಬದಿಗೆ ನಿಂತು ಹಲಗೆಯ ಸಂದಿನಿಂದ ಬರಿಯ ಹಾಡು ಕೇಳುತ್ತಿದ್ದ ಹೆಂಗಸರು, ಮಳೆಗಾಲದಲ್ಲಿ ಓಣಿಯೊಳಗೇ ಬರುತ್ತಿದ್ದ ದೋಣಿ, ಮಾತು ಅಲ್ಲೆಲ್ಲ ಹೋಗಿ ಬರುತ್ತಿತ್ತು. ನಾನು ಹನ್ನೊಂದು ವರ್ಷ ಜನರಿಗೆ ತೋರಿಸಿದ ಕೇರಿಯಲ್ಲಿ ಅದಾವುದೂ ಇರಲಿಲ್ಲ. ನಾನೂ ಒಂದು ಮಣೆ ಎಳೆದುಕೊಂಡು ಕುಳಿತೆ. ಯಾರೂ ನನ್ನನ್ನು ಏಳು ಎನ್ನಲಿಲ್ಲ.

ಹೊತ್ತು ನೆತ್ತಿಗೆ ಬರುವ ಮುಂಚೆ ಯಾಯಿ ಅಂಗೈಯಿಂದ ಹಂಚನ್ನು ಮುಟ್ಟಿ ನೋಡಿದರು. ಒಂದೊಂದೇ ಗುಳಿಯನ್ನು ಒಣಬಟ್ಟೆಯಿಂದ ಒರೆಸಿದರು. ಹಳೆಯ ಪಂಚೆಯಲ್ಲಿ ಸುತ್ತಿ, ಗಂಟು ಹಾಕಿ, ಎರಡೂ ಕೈಯಲ್ಲಿ ಎತ್ತಿ ಮುಂದೆ ಚಾಚಿದರು.

"ತಿಂಗಳಿಗೆ ಅಂತ ಇಸ್ಕೊಂಡಿದ್ದೆ. ತಡ ಆಯ್ತು ಅಂತ ಹೇಳವ್ವ," ಎಂದರು.

ವಿಮೊನ್ ಎರಡೂ ಕೈಯಲ್ಲಿ ಇಸಿದುಕೊಂಡಳು. ಕೈಮುಗಿಯಲು ಕೈ ತೆರವಿರಲಿಲ್ಲ. ಗಂಟಿಗೆ ಹಣೆ ತಾಗುವಷ್ಟು ತಲೆ ಬಾಗಿಸಿದಳು.